ಗಾಳಿ ಸುರಂಗದ ಆಯುಧಪೂಜೆ

2025ರ ಅಕ್ಟೋಬರ್ 3, ಶುಕ್ರವಾರ, ಬೆಳಿಗ್ಗೆ ಒಂಬತ್ತು ಗಂಟೆ ಹನ್ನೆರಡು ನಿಮಿಷಕ್ಕೆ ಚಂದ್ರಹಾಸ ತನ್ನ ಪ್ರಯೋಗಾಲಯದ ಬಾಗಿಲು ತೆರೆದ. ಗಾಳಿ ಸುರಂಗದ ಗಾಜಿನ ಕಿಟಕಿಯೊಳಗೆ, ಅವನ ಅಲ್ಯೂಮಿನಿಯಂ ಹಲಗೆ ಧಾರೆಗೆ ಹೊರಟ ಮದುವಣಗಿತ್ತಿಯ ಹಾಗೆ ಸಿಂಗಾರಗೊಂಡು ಮಲಗಿತ್ತು. ಮುಂದಿನ ಅಂಚಿಗೆ ಅಡ್ಡಲಾಗಿ ಗಂಧದ ಮೂರು ಪಟ್ಟೆ, ನಡುವೆ ರೂಪಾಯಿಯಗಲದ ಕುಂಕುಮ. ಉಳಿದ ಮೈ ಪಳಪಳ ಹೊಳೆಯುತ್ತಿತ್ತು. ಹೊಳೆಯಬಾರದಾಗಿತ್ತು. ಅಲ್ಲಿ ಅವನು ಅಂಟಿಸಿದ್ದ ಅರವತ್ತು ಉಣ್ಣೆಯೆಳೆಗಳೂ ಎಂಟು ತಗಡಿನ ರೆಕ್ಕೆಗಳೂ ಇರಬೇಕಾಗಿತ್ತು.

"ಜಟ್ಟಪ್ಪಾ!"

ಅಟೆಂಡರ್ ಜಟ್ಟಪ್ಪ ಬಾಗಿಲಲ್ಲಿ ಕಾಣಿಸಿಕೊಂಡ. "ಹೆಂಗಿದೆ ಸಾರ್? ರಜಕ್ಕೆ ಮುಂಚೆ ಮಂಗಳವಾರಾನೇ ಪೂಜೆ ಮುಗಿಸ್ದೆ. ಎಲ್ಲಾ ಲ್ಯಾಬಿಗಿಂತ ನಿಮ್ದೇ ಜೋರು."

"ಇಲ್ಲಿದ್ದ ದಾರ ಎಲ್ಲಯ್ಯಾ?"

"ಯಾರೋ ಹರಕು ದಾರ ಅಂಟಿಸಿಟ್ಟಿದ್ರು. ಕಿತ್ತು, ಹುಣಸೆಹಣ್ಣು ಹಾಕಿ ಉಜ್ಜಿದೀನಿ."

"ತಗಡಿನ ರೆಕ್ಕೆ?"

"ಆ ತುಕ್ಕು ಚೂರಾ? ಗುಜರಿಗೆ ಹೋಯ್ತಲ್ಲ."

ಚಂದ್ರಹಾಸ ಸ್ಟೂಲಿನ ಮೇಲೆ ಕುಸಿದ. ಅವನು ಡಾಕ್ಟರೇಟಿಗೆ ಸೇರಿ ಹನ್ನೊಂದು ವರ್ಷ ತುಂಬಿತ್ತು. ವಿಶ್ವವಿದ್ಯಾಲಯ ಕೊಟ್ಟಿದ್ದ ಕಡೆಯ ಗಡುವು ಆ ದಿನಕ್ಕೇ ಮುಗಿಯುತ್ತಿತ್ತು. ಹನ್ನೆರಡು ಗಂಟೆಗೆ ಪರೀಕ್ಷಕರಾದ ಶ್ರೀನಿವಾಸಮೂರ್ತಿಗಳು ಬಂದು ಪ್ರಯೋಗವನ್ನು ಕಣ್ಣಾರೆ ನೋಡಿ ಸಹಿ ಹಾಕಬೇಕಾಗಿತ್ತು. ಹಾಕದಿದ್ದರೆ, ಪ್ರಿನ್ಸಿಪಾಲರು ಆಗಲೇ ಹೇಳಿಬಿಟ್ಟಿದ್ದರು, ಡಾಕ್ಟರೇಟ್ ಇಲ್ಲದವರು ಜನವರಿಯಿಂದ ಕಾಲೇಜಿಗೆ ಬರುವ ಶ್ರಮ ತೆಗೆದುಕೊಳ್ಳಬೇಕಾಗಿಲ್ಲ.

ಪ್ರಬಂಧದ ಹೆಸರು 'ಎದುರೊತ್ತಡದಲ್ಲಿ ಪ್ರಕ್ಷುಬ್ಧ ಗಡಿಪದರ'. ವಿಷಯ ಹೆಸರಿನಷ್ಟು ಭಯಂಕರವಲ್ಲ. ಸುರಂಗ ಮುಂದೆ ಹೋದಂತೆ ಅಗಲವಾಗುತ್ತದೆ. ಗಾಳಿಯ ವೇಗ ತಗ್ಗಿ, ಎದುರಿನ ಒತ್ತಡ ಏರುತ್ತದೆ. ನಡುವೆ ಹೋಗುವ ಗಾಳಿಗೆ ಕಸುವಿದೆ, ನುಗ್ಗಿಕೊಂಡು ಹೋಗುತ್ತದೆ. ಹಲಗೆಗೆ ಅಂಟಿಕೊಂಡು ತೆವಳುವ ತೆಳುಪದರಕ್ಕೆ, ಅಂದರೆ ಗಡಿಪದರಕ್ಕೆ, ಆ ಕಸುವಿಲ್ಲ. ಅದು ನಿಧಾನಿಸಿ, ನಿಂತು, ಮೇಲಧಿಕಾರಿಯ ಹುಬ್ಬು ಗಂಟಾದದ್ದನ್ನು ಕಂಡ ಗುಮಾಸ್ತನ ಹಾಗೆ ಬಂದ ದಾರಿಗೇ ಮುಖ ತಿರುಗಿಸುತ್ತದೆ. ಅಲ್ಲಿಂದ ಹರಿವು ಹಲಗೆಯನ್ನು ಬಿಟ್ಟು ಮೇಲೇಳುತ್ತದೆ. ಉಣ್ಣೆಯೆಳೆಗಳು ಹಿಂದಕ್ಕೆ ತಿರುಗಿ ಆ ಜಾಗವನ್ನು ತೋರಿಸುತ್ತವೆ. ಬರಿಯ ಹಲಗೆಯಲ್ಲಿ ಅದು ಮುಂದಿನ ಅಂಚಿನಿಂದ 38 ಸೆಂಟಿಮೀಟರ್. ಅವನ ತಗಡಿನ ರೆಕ್ಕೆಗಳಿದ್ದರೆ 55. ಈ ಹದಿನೇಳು ಸೆಂಟಿಮೀಟರೇ ಚಂದ್ರಹಾಸನ ಜೀವಮಾನದ ಸಾಧನೆ.

ಒದ್ದೆ ಬಟ್ಟೆ ತಂದು ಗಂಧವನ್ನು ಉಜ್ಜಿದ. ಅದು ಕದಲಲಿಲ್ಲ.

"ಹೋಗಲ್ಲ ಸಾರ್," ಎಂದ ಜಟ್ಟಪ್ಪ ಹೆಮ್ಮೆಯಿಂದ. "ಫೆವಿಕಾಲ್ ಕಲಸಿದೀನಿ. ಹೋದ್ವರ್ಷ ನೀವು ಫ್ಯಾನ್ ಹಾಕಿದ್ದೇ ತಡ, ಕುಂಕುಮ ಎಲ್ಲಾ ಹಾರಿ ಪ್ರಿನ್ಸಿಪಾಲ್ ಸಾಹೇಬ್ರ ಕಣ್ಣಿಗೆ ಬಿದ್ದಿತ್ತಲ್ಲ!"

ಚಂದ್ರಹಾಸ ಉಳಿ ಕೈಗೆತ್ತಿಕೊಂಡ. ಹೆಸರು ಹೇಳಿದ್ದು ಕೇಳಿಸಿತೋ ಎಂಬಂತೆ ಪ್ರಿನ್ಸಿಪಾಲರೇ ಒಳಗೆ ಬಂದರು.

"ಏನ್ರೀ ಇದು! ಶುಕ್ರವಾರದ ದಿನ ಕುಂಕುಮ ಕೆರೀತೀರೇನ್ರೀ? ಅದೂ ಉಳಿ ತಗೊಂಡು?"

"ಸಾರ್, ಪ್ರಯೋಗ..."

"ಪೂಜೆ ಫೋಟೋ ವೆಬ್‌ಸೈಟಿಗೆ ಹಾಕಿದೀವಿ. ಪರೀಕ್ಷಕರು ಬಂದಾಗ ಫೋಟೋದಲ್ಲಿದ್ದ ಹಾಗೇ ಇರ್ಬೇಕು. ಉಳಿ ಕೆಳಗಿಡಿ."

ಉಳಿ ಕೆಳಗಿಳಿಯಿತು. ಚಂದ್ರಹಾಸ ಭದ್ರಾವತಿಯ ನ್ಯೂಟೌನಿನಲ್ಲಿದ್ದ ಮನೆಗೆ ಫೋನು ಮಾಡಿದ.

"ಭವಾನಿ, ಬೀರು ಮೇಲೆ ಒಂದು ಡಬ್ಬೀಲಿ ಎಂಟು ತಗಡಿನ ರೆಕ್ಕೆ ಇತ್ತಲ್ಲ, ಹೆಚ್ಚಿಗೆ ಇರ್ಲಿ ಅಂತ ಇಟ್ಟಿದ್ದು?"

"ಅದಾ? ಬೊಂಬೆ ಪಾರ್ಕಿಗೆ ಬೇಲಿ ಹಾಕಿದೀನ್ರೀ. ಹಸಿರು ಬಣ್ಣ ಹೊಡ್ದೆ, ಎಷ್ಟು ಲಕ್ಷಣವಾಗಿ ಬಂದಿದೆ ಗೊತ್ತಾ! ನಮ್ಮ ರಸ್ತೇಲಿ ನೋಡಿ ಹೊಗಳ್ದೇ ಇದ್ದವರಿಲ್ಲ. ಹನ್ನೊಂದು ವರ್ಷಕ್ಕೆ ಮೊದಲ್ನೇ ಸಲ ಅವು ಉಪಯೋಗಕ್ಕೆ ಬಂದವು."

"ಕಿತ್ತು ಬಸ್ಸಿನ ಕಂಡಕ್ಟರ್ ಕೈಗೆ ಕೊಡು ಮಾರಾಯ್ತಿ, ಈಗಲೇ!"

"ಇನ್ನೂ ಬೊಂಬೆ ಎತ್ತಿಲ್ಲ. ಸಂಜೆ ಆರತಿ..."

"ನನ್ನ ಕೆಲಸಕ್ಕೇ ಆರತಿ ಆಗ್ತಿದೆ ಕಣೇ!"

ಇನ್ನು ಎಳೆಗಳು. ಪಕ್ಕದ ವಿಭಾಗದ ರಶ್ಮಿ ಮೇಡಂ ಗಲಾಟೆ ಕೇಳಿ ಬಂದು, ಎಲ್ಲವನ್ನೂ ಎರಡು ಸಲ ಹೇಳಿಸಿಕೊಂಡು, "ಇದನ್ನೆಲ್ಲ ಕಂಪ್ಯೂಟರ್‌ನಲ್ಲೇ ಮಾಡಿದ್ರೆ ಜಟ್ಟಪ್ಪ ಏನು ತಾನೇ ಉಜ್ಜೋಕಾಗ್ತಿತ್ತು ಸಾರ್?" ಎಂದು ಸಮಾಧಾನ ಹೇಳಿದರು. ಅವರ ಹೊಸ ಸೀರೆಯ ಸೆರಗಿನಲ್ಲಿ ರೇಷ್ಮೆಯ ಕುಚ್ಚುಗಳು ತೂಗುತ್ತಿದ್ದವು. ಚಂದ್ರಹಾಸನ ಕಣ್ಣು ಅಲ್ಲೇ ನೆಟ್ಟಿತು.

"ಸಾರ್, ಏನು ನೋಡ್ತಿದೀರಿ?"

"ಕುಚ್ಚು, ಮೇಡಂ. ನಾಲ್ಕು ಸಾಕು."

ರಶ್ಮಿ ಮೇಡಂ ಹಲ್ಲು ಕಚ್ಚಿಕೊಂಡು ಕತ್ತರಿಸಿಕೊಟ್ಟರು. "ಡಾಕ್ಟರೇಟ್ ಬರ್ಲಿಲ್ಲಾಂದ್ರೆ ಕೂತು ನೀವೇ ಕಟ್ಕೊಡ್ಬೇಕು, ನೆನಪಿರ್ಲಿ."

ಹನ್ನೊಂದೂವರೆಗೆ ಅರವತ್ತು ನೇರಳೆ ಎಳೆಗಳು ಹಲಗೆಗೆ ಅಂಟಿದವು. ಹನ್ನೊಂದು ನಲವತ್ತಕ್ಕೆ ಜಟ್ಟಪ್ಪ ಬಸ್‌ಸ್ಟ್ಯಾಂಡಿನಿಂದ ಎಂಟು ಹಸಿರು ರೆಕ್ಕೆಗಳನ್ನು ತಂದ. ಒಂದರ ಬುಡದಲ್ಲಿ ರಾಗಿ ಪೈರಿನ ಬೇರು ಅಂಟಿತ್ತು.

ಶ್ರೀನಿವಾಸಮೂರ್ತಿಗಳು ಹನ್ನೆರಡಕ್ಕೆ ಸರಿಯಾಗಿ ಬಂದರು. ತೆಳ್ಳಗಿನ ಮನುಷ್ಯ, ಕೊಟ್ಟ ಕಾಫಿಯನ್ನೂ ಅಳತೆ ಮಾಡುವವರಂತೆ ನೋಡಿ ಕುಡಿದರು. ಹಿಂದೆ ಪ್ರಿನ್ಸಿಪಾಲರು, ಅವರ ಹಿಂದೆ ಕೈಗೆ ಕೆಲಸವಿಲ್ಲದ ಅರ್ಧ ಕಾಲೇಜು.

"ಮೊದಲು ರೆಕ್ಕೆ ಇಲ್ದೆ ತೋರ್ಸಿ," ಎಂದರು.

ಚಂದ್ರಹಾಸ ಸ್ವಿಚ್ ಒತ್ತಿದ. ಗಾಳಿ ಸೆಕೆಂಡಿಗೆ ಹತ್ತು ಮೀಟರಿಗೆ ಏರಿ ನಿಂತಿತು. ಅವನು ಕೋಲಿನಿಂದ 38ರ ಗೆರೆ ತೋರಿಸಿ, "ಇಲ್ಲಿ ಎಳೆಗಳು ಹಿಂದಕ್ಕೆ..." ಎಂದು ಬಾಯಿ ತೆಗೆದ.

ಎಳೆಗಳು ಹಿಂದಕ್ಕೆ ತಿರುಗಲಿಲ್ಲ. ಪಟಪಟನೆ ಬಡಿದುಕೊಳ್ಳುತ್ತ, ಪ್ರಾರ್ಥನೆಗೆ ನಿಂತ ಮಕ್ಕಳ ಹಾಗೆ ಮುಂದಕ್ಕೇ ಮುಖ ಮಾಡಿದ್ದವು. 45 ದಾಟಿತು, 55 ದಾಟಿತು. 61ರಲ್ಲಿ ಮಾತ್ರ ಒಂದು ಎಳೆ ಬೇಸರದಿಂದ ಹೊರಳಿತು.

"ಮುಂದಕ್ಕೆ ಹೋಗ್ತಿದೆಯಲ್ರೀ, ಒಳ್ಳೇದೇ ಅಲ್ವಾ?" ಎಂದು ಪ್ರಿನ್ಸಿಪಾಲರು ಚಪ್ಪಾಳೆ ತಟ್ಟಿದರು. ಕಾಲೇಜೆಲ್ಲ ತಟ್ಟಿತು.

ಚಂದ್ರಹಾಸ ಹಸಿರು ರೆಕ್ಕೆಗಳನ್ನು ಅಂಟಿಸಿ ಮತ್ತೆ ಗಾಳಿ ಬಿಟ್ಟ. 61. ರೆಕ್ಕೆಗಳಿದ್ದರೂ ಅಷ್ಟೇ, ಇಲ್ಲದಿದ್ದರೂ ಅಷ್ಟೇ.

ಶ್ರೀನಿವಾಸಮೂರ್ತಿಗಳು ಕನ್ನಡಕ ತೆಗೆದು ಗಾಜಿನ ಹತ್ತಿರ ಬಾಗಿದರು. "ಚಂದ್ರಹಾಸ್, ಹಲಗೆಯ ಮುಂದಿನ ಅಂಚಿಗೆ ಮೊದಲೆಲ್ಲ ಏನು ಅಂಟಿಸ್ತಿದ್ರಿ? ಮರಳಿನ ಕಾಗದ, ತಂತಿ, ಏನಾದ್ರೂ?"

"ಏನೂ ಇಲ್ಲ ಸಾರ್. ಕನ್ನಡಿ ಥರ ನುಣುಪಾಗಿಟ್ಟಿದ್ದೆ. ಹನ್ನೊಂದು ವರ್ಷ ಒಂದು ಗೀರೂ ಬೀಳದ ಹಾಗೆ ನೋಡ್ಕೊಂಡಿದ್ದೆ."

ಅವರು ಜೇಬಿನ ಲಕೋಟೆಯ ಹಿಂಬದಿಯಲ್ಲಿ ಒಂದು ಭಾಗಾಕಾರ ಮಾಡಿದರು. ನಿಟ್ಟುಸಿರು ಬಿಟ್ಟರು.

"ಈ ವೇಗದಲ್ಲಿ, ಅಷ್ಟು ನುಣುಪು ಹಲಗೆ ಮೇಲೆ ಗಾಳಿ ಕದಡೋದೇ ಇಲ್ಲ ಕಣ್ರೀ. ಪದರ ಪದರವಾಗಿ ನಯವಾಗಿ ಹೋಗುತ್ತೆ, ಒತ್ತಡ ಬಂದ ತಕ್ಷಣ ಸೋತುಬಿಡುತ್ತೆ. ನೀವು ಇಷ್ಟು ವರ್ಷ ಅಳೆದದ್ದು ನಯವಾದ ಹರಿವು. ಪ್ರಕ್ಷುಬ್ಧ, ಅಂದ್ರೆ ಕದಡಿದ್ದು, ಅನ್ನೋದು ನಿಮ್ಮ ಪ್ರಬಂಧದ ರಟ್ಟಿನ ಮೇಲೆ ಮಾತ್ರ ಇದೆ. ಇವತ್ತು ಈ ಗಂಧದ ಪಟ್ಟೆಗೆ ಎಡವಿ ಗಾಳಿ ಕದಡಿತು. ಮೇಲಿನ ವೇಗದ ಗಾಳಿ ಕೆಳಗಿಳಿದು ಆ ತೆವಳೋ ಪದರಕ್ಕೆ ಕಸುವು ಕೊಡ್ತು, ಅದು ಅಷ್ಟು ದೂರ ಹೋಯ್ತು. ನಿಮ್ಮ ರೆಕ್ಕೆ ಮಾಡ್ತಿದ್ದದ್ದೂ ಇದನ್ನೇ. ಇದಕ್ಕಿಂತ ಕೆಟ್ಟದಾಗಿ."

ಪ್ರಿನ್ಸಿಪಾಲರಿಗೆ ಕಡೆಯ ಎರಡು ವಾಕ್ಯ ಮಾತ್ರ ಅರ್ಥವಾಯಿತು. "ಅಂದ್ರೆ ಸಾರ್, ನಮ್ಮ ಜಟ್ಟಪ್ಪನ ವಿಧಾನವೇ ಮೇಲು ಅಂತೀರಿ?"

"ಅನ್ನಲೇಬೇಕಲ್ಲ."

"ಜಟ್ಟಪ್ಪಾ, ಬಾರಯ್ಯ ಮುಂದೆ! ನಿನ್ನ ಕೆಲಸ ಖಾಯಂ ಮಾಡಿಸ್ತೀನಿ. ಪೇಟೆಂಟ್ ಅರ್ಜೀಲಿ ನಮ್ಮಿಬ್ಬರ ಹೆಸರೂ ಇರುತ್ತೆ." ಆಮೇಲೆ ಚಂದ್ರಹಾಸನ ಕಡೆ ತಿರುಗಿ, ಧ್ವನಿ ತಗ್ಗಿಸಿ, "ನಿಮ್ಮದು ಜನವರಿಗೆ ಅಂತ ಹೇಳಿದ್ನಲ್ಲ, ಅದು ಹಾಗೇ ಇರಲಿ," ಎಂದರು.

ಶ್ರೀನಿವಾಸಮೂರ್ತಿಗಳಿಗೆ ಕನಿಕರ ಹುಟ್ಟಿತು. "ನೋಡಿ, ಇನ್ನೊಂದು ವರ್ಷಕ್ಕೆ ವಿಶ್ವವಿದ್ಯಾಲಯಕ್ಕೆ ಬರೀತೀನಿ. ಎಲ್ಲ ಅಳತೆ ಮೊದಲಿನಿಂದ ಮಾಡಿ. ಇವತ್ತಿನದ್ದೇ ಒಂದನೇ ಪುಟ. ಮೊದಲು ಆ ಪಟ್ಟೆಯ ದಪ್ಪ ಬರ್ಕೊಳ್ಳಿ."

ಚಂದ್ರಹಾಸ ಜಟ್ಟಪ್ಪನನ್ನು ನೋಡಿದ. "ಎಷ್ಟು ದಪ್ಪ ಬಳಿದೆಯಯ್ಯಾ?"

"ಕೈಗೆ ಬಂದಷ್ಟು ಸಾರ್. ಗಂಧಕ್ಕೆಲ್ಲ ಅಳತೆ ಇಡ್ತಾರಾ?"

ಚಂದ್ರಹಾಸ ವರ್ನಿಯರ್ ತಂದು, ಮೂರು ಕಡೆ ಅಳೆದು, ಸರಾಸರಿ ತೆಗೆದು, ಹೊಸ ಪುಸ್ತಕದ ಮೊದಲ ಸಾಲಿನಲ್ಲಿ ಬರೆದ: 1.62 ಮಿಲಿಮೀಟರ್.