ಕರೆಂಟ್ ಹೋದಾಗ ಹತ್ತುವ ದೀಪ

ನಮ್ಮ ಕೆಲಸದಲ್ಲಿ ಲೈನ್ ಕೆಡುವುದಕ್ಕಿಂತ ತಲೆ ಕೆಡುವುದೇ ಹೆಚ್ಚು. ಲೈನನ್ನು ಹೇಗೋ ದುರಸ್ತಿ ಮಾಡಬಹುದು. ಗಡಿಯಾಚೆಯ ಸಾಂಗ್ಲಿ ಜಿಲ್ಲೆ, ಜತ್ತ ತಾಲೂಕಿನ ಈ ಕಡೆಯ ಕನ್ನಡ ಹಳ್ಳಿಗಳಲ್ಲಿ ನಾನು ಕರೆಂಟ್ ಇಲಾಖೆಯ ವಾಯರಮನ್. ನನಗೂ ಒಂದು ಹೆಸರಿದೆ, ಆದರೆ ಅದು ರೇಷನ್ ಕಾರ್ಡಿನಲ್ಲಿ ಮಾತ್ರ. ಲೈಟ್ ಇದ್ದಾಗ ನನ್ನನ್ನು ಯಾರೂ ಕರೆಯುವುದಿಲ್ಲ, ಹೋದಾಗ "ಎಲ್ಲಿ ಸತ್ತಾನ ಆ ವಾಯರಮನ್" ಅನ್ನುತ್ತಾರೆ.

ಸಬ್‌ಸ್ಟೇಶನ್ನಿನಿಂದ ಹೊರಟ ದೊಡ್ಡ ಲೈನು ಮೊದಲು ಹಳ್ಳ ದಾಟುತ್ತದೆ, ಆಮೇಲೆ ಕೆಳಗಿನ ವಸ್ತಿ, ಅದರ ಮುಂದೆ ಮೇಲಿನ ವಸ್ತಿ, ಅಲ್ಲಿಂದ ಗುಡ್ಡದ ಆಚೆಗೆ. ವಸ್ತಿ ಅಂದರೆ ಹೊಲದಲ್ಲೇ ಮನೆ ಕಟ್ಟಿಕೊಂಡಿರುವವರ ಗುಂಪು. ಇಷ್ಟುದ್ದದ ಲೈನಿನಲ್ಲಿ ಎಲ್ಲೋ ಒಂದು ಟೊಂಗೆ ಬಿತ್ತು, ಕಾಗೆಯೊಂದು ತಂತಿ ತುಂಡು ತಂದು ಗೂಡು ಕಟ್ಟಿತು ಅಂದರೆ ಎಲ್ಲರ ಲೈಟೂ ಬಂದ್. ಎಲ್ಲಿ ಕೆಟ್ಟಿದೆ ಅಂತ ಹುಡುಕಲು ಕುತ್ತಿಗೆ ಮೇಲೆ ಮಾಡಿ ಕಂಬದಿಂದ ಕಂಬಕ್ಕೆ ನಡೆಯಬೇಕು. ಹಾಗೆ ನಡೆದೂ ನಡೆದೂ ನನ್ನ ಮೊಣಕಾಲುಗಳು ಎದ್ದಾಗ ಒಂದು ಸದ್ದು, ಕುಂತಾಗ ಇನ್ನೊಂದು ಸದ್ದು ಮಾಡಲು ಶುರು ಮಾಡಿದ್ದವು. ಡಾಕ್ಟರು, "ಇನ್ನು ಮ್ಯಾಲೆ ನಡಿಯೂದು ಕಡಿಮಿ ಮಾಡ್ರಿ" ಅಂದರು. "ಕಂಬಗಳಿಗೆ ಹೇಳ್ರಿ, ಅವ ನನ್ನ ಕಡೆ ಬರ್ಲಿ" ಅಂದೆ.

ಅಂಥ ಹೊತ್ತಿಗೆ ಆ ದೀಪಗಳು ಬಂದವು. ಸಣ್ಣ ಡಬ್ಬಿಯಂಥವು, ತಂತಿಗೆ ಸಿಕ್ಕಿಸುವಂಥವು. ಲೈನಿನಲ್ಲಿ ಫಾಲ್ಟ್ ಆದಾಗ ಕೆಂಪಗೆ ಮಿನುಗುತ್ತವೆ. ಹಳ್ಳದ ಹತ್ತಿರ ಒಂದು, ಕೆಳಗಿನ ವಸ್ತಿಯಲ್ಲಿ ಒಂದು, ಮೇಲಿನ ವಸ್ತಿಯಲ್ಲಿ ಒಂದು ಹಾಕಿದೆವು. ನಮ್ಮ ಸಾಹೇಬರು ಮರಾಠಿಯವರು. ಅವರು ಅಂದದ್ದನ್ನು ಕನ್ನಡ ಮಾಡಿ ಹೇಳುತ್ತೇನೆ: "ಸ್ವಲ್ಪ ದಿನ ನೋಡುತ್ತೇನೆ. ಉಪಯೋಗ ಕಂಡರೆ ಇರಲಿ. ಇಲ್ಲದಿದ್ದರೆ ಬಿಚ್ಚಿ ಬೇರೆ ತಾಲೂಕಿಗೆ ಕಳಿಸುತ್ತೇನೆ." ಅವತ್ತಿನಿಂದ ನನ್ನ ಮೊಣಕಾಲುಗಳ ಮುಂದಿನ ಗತಿ ಆ ಡಬ್ಬಿಗಳ ಕೈಯಲ್ಲಿತ್ತು.

೧. ಉಲ್ಟಾ ದೀಪ

ದೀಪದ ಲೆಕ್ಕ ಮೊದಲು ನನಗೇ ತಿಳಿಯಲಿಲ್ಲ. ಕೊನೆಗೆ ಹೀಗೆ ತಿಳಿದುಕೊಂಡೆ. ಕಳ್ಳನ ಬೆನ್ನು ಹತ್ತಿ ಹೋಗುವಾಗ ದಾರಿಯಲ್ಲಿ ಕುಂತವರನ್ನು ಕೇಳುತ್ತೇವೆ. "ಹೂಂ, ಈ ಕಡೆ ಹಾದು ಹೋದ" ಅಂದವನು ಮಿನುಗುವ ದೀಪ. "ನಾ ನೋಡಿಲ್ಲ" ಅಂದವನು ಸುಮ್ಮನಿರುವ ದೀಪ. ಕಳ್ಳ ಅವರಿಬ್ಬರ ನಡುವೆ ಇರುತ್ತಾನೆ. ಅಂದರೆ ದೀಪ ಮಿನುಗಿದ ಜಾಗದಲ್ಲಿ ಏನೂ ಕೆಟ್ಟಿರುವುದಿಲ್ಲ, ಕೆಟ್ಟಿರುವುದು ಅದರ ಮುಂದೆ.

ಇದನ್ನು ಮನೆಯಲ್ಲಿ ಹೆಂಡತಿಗೆ ಹೇಳಿದೆ. ಅವಳು ರೊಟ್ಟಿ ಬಡಿಯುವುದನ್ನು ನಿಲ್ಲಿಸಿದಳು.

"ಅಂದ್ರ, ಕರೆಂಟ್ ಇದ್ದಾಗ ಇದು ಆರಿರ್ತೈತಿ?"

"ಹೌದು."

"ಕರೆಂಟ್ ಹೋದಾಗ ಹತ್ತತೈತಿ?"

"ಹೌದು. ಒಳಗ ಬ್ಯಾಟರಿ ಇರ್ತೈತಿ."

"ಕೆಟ್ಟಲ್ಲಿ ಹತ್ತಂಗಿಲ್ಲ, ಚಲೋ ಇದ್ದಲ್ಲಿ ಹತ್ತತೈತಿ?"

"ಹೌದು, ಹೌದು."

ಅವಳು ಮತ್ತೆ ರೊಟ್ಟಿ ಬಡಿಯಲು ಶುರು ಮಾಡಿದಳು. "ನಿಮ್ಮ ಇಲಾಖೆದವ್ರು ಇಷ್ಟು ದಿನಾ ಮಾಡಿದ್ದು ತಿಳೀತಿರ್ಲಿಲ್ಲ. ಈಗ ದೀಪ ಹಚ್ಚಿ ತೋರಸಾಕತ್ತಾರ."

೨. ಇದ್ದಲ್ಲೇ ಹುಡುಕಾಟ

ನನ್ನ ಜೊತೆಗಾರ ಇನ್ನೊಬ್ಬ ವಾಯರಮನ್, ನನ್ನದೇ ವಯಸ್ಸು, ತೂಕ ನನಗಿಂತ ಹೆಚ್ಚು. ಮೊದಲ ಫಾಲ್ಟ್ ಆದ ದಿನ ಹಳ್ಳದ ದೀಪವೂ ಕೆಳಗಿನ ವಸ್ತಿಯ ದೀಪವೂ ಮಿನುಗುತ್ತಿದ್ದವು. ಮೇಲಿನ ವಸ್ತಿಯದು ಸುಮ್ಮನಿತ್ತು. ನಾನು ಫೋನಿನಲ್ಲಿ, "ಕೆಳಗಿನ ವಸ್ತಿ ದೀಪ ಹತ್ತೈತಿ ನೋಡು, ಅಲ್ಲಿಂದ ಮುಂದ ಹೋಗು" ಅಂದೆ. ನಾನು ಮೇಲಿನ ವಸ್ತಿಯಿಂದ ಹಿಂದಕ್ಕೆ ಹುಡುಕುತ್ತ ಬಂದೆ. ನಡುವೆ ಒಂದು ಜಾಲಿ ಟೊಂಗೆ ತಂತಿಯ ಮೇಲೆ ಬಿದ್ದಿತ್ತು, ಸಿಕ್ಕಿತು. ಜೊತೆಗಾರ ಮಾತ್ರ ಸಿಗಲಿಲ್ಲ.

ಕೆಳಗಿನ ವಸ್ತಿಗೆ ಬಂದು ನೋಡಿದರೆ ಅವನು ಮಿನುಗುವ ದೀಪದ ಕಂಬದ ಮೇಲೆ ಕುಂತಿದ್ದ. ಲೈನು ಬಂದ್ ಇಡಿಸಿ, ತಂತಿ ಹಿಡಿದಿಡುವ ಒಂದು ಚಲೋ ಇದ್ದ ಪಿಂಗಾಣಿಯನ್ನು ಬಿಚ್ಚಿ, ಹೊಸದನ್ನು ಹಾಕಿ, ಆ ಹೊಸದನ್ನೂ ಬಿಚ್ಚುತ್ತಿದ್ದ.

"ಲೇ, ಫಾಲ್ಟ್ ಅಲ್ಲಿ ಇಲ್ಲೋ! ನಾ ಮುಂದ ಹುಡುಕಿ ತಗದೀನಿ!"

ಅವನು ಮೇಲಿನಿಂದಲೇ ಸಿಟ್ಟಾದ. "ಹಂಗಾದ್ರ ಇದು ನನ್ನ ಮುಖಾ ನೋಡಿ ಯಾಕ ಮಿನಗಾಕತ್ತೈತಿ?"

೩. ನಮಗೂ ಬೇಕು

ಆಮೇಲೆ ಒಂದಿಷ್ಟು ದಿನ ಫಾಲ್ಟುಗಳೆಲ್ಲ ಎರಡು ವಸ್ತಿಗಳ ನಡುವೆಯೇ ಆದವು. ಹೀಗಾಗಿ ಪ್ರತಿ ಸಲ ಕೆಳಗಿನ ವಸ್ತಿಯ ದೀಪ ಮಿನುಗಿತು, ಮೇಲಿನ ವಸ್ತಿಯದು ಒಮ್ಮೆಯೂ ಮಿನುಗಲಿಲ್ಲ. ಒಂದು ಮುಂಜಾನೆ ಬಾಲಗಾಂವದ ನನ್ನ ಮನೆ ಮುಂದೆ ಮೋಟಾರ್ ಸೈಕಲ್ಲುಗಳು ಬಂದು ನಿಂತವು. ಮೇಲಿನ ವಸ್ತಿಯ ಹಿರಿಯರೆಲ್ಲ ಇದ್ದರು, ಮುಂದೆ ಅಲ್ಲಿಯ ದಾಳಿಂಬೆ ತೋಟದ ಯಜಮಾನರು.

"ಕುಂದ್ರಿ, ಚಹಾ ಕುಡೀರಿ" ಅಂದೆ.

"ಚಹಾ ಬ್ಯಾಡ್ರಿ. ಕೆಳಗಿನ ವಸ್ತಿಯವ್ರ ದೀಪ ದಿನಾ ಹತ್ತತೈತಿ. ನಮ್ಮದು ಹಾಕಿದಾಗಿಂದ ಒಂದ ಸಲಾನೂ ಹತ್ತಿಲ್ಲ. ಯಾಕಂತ ಹೇಳ್ರಿ."

"ಯಜಮಾನ್ರ, ಹತ್ತದಿದ್ರ ಚಲೋ ರಿ. ನಿಮ್ಮ ಮುಂದ ಏನೂ ಕೆಟ್ಟಿಲ್ಲ ಅಂದಂಗ."

"ಅದನ್ನ ಬಿಡ್ರಿ. ಅವ್ರಿಗೆ ಹೊಸಾದು ಕೊಟ್ಟು ನಮಗ ಹಳೇದು ಹಾಕೀರಿ. ಸರಪಂಚ ಅವ್ರ ಕಡಿಯಾಂವ, ನಮಗ ತಿಳಿಯಂಗಿಲ್ಲೇನು?"

ನಾನು ಕಳ್ಳನ ಕತೆ ಹೇಳಿದೆ. ಎಲ್ಲರೂ ಸಮಾಧಾನದಿಂದ ಕೇಳಿದರು, ತಲೆ ಅಲ್ಲಾಡಿಸಿದರು. ತಿಳಿಯಿತು ಅಂತ ನನಗೂ ಖುಷಿಯಾಯಿತು. ಹೋಗುವಾಗ ಯಜಮಾನರು ಗಾಡಿಗೆ ಕಿಕ್ ಹೊಡೆಯುತ್ತ ಹೇಳಿದರು, "ಅಷ್ಟೇ ಅಲ್ರಿ? ಹಂಗಾದ್ರ ಒಂದು ಫಾಲ್ಟ್ ನಮ್ಮ ಮುಂದೂ ಮಾಡಿ ಕೊಡ್ರಿ. ನಾವೇನು ಕರೆಂಟ್ ಬಿಲ್ ಕಟ್ಟಂಗಿಲ್ಲೇನು?"

೪. ಕ್ಯಾಮೆರಾ

ಕುಣಿಕೋಣೂರ ಕಡೆಯ ಕುರಿ ಕಾಯುವವನೊಬ್ಬ ಆ ಹಂಗಾಮಿನಲ್ಲಿ ನಮ್ಮ ಲೈನಿನ ಕೆಳಗೇ ಕುರಿ ಮೇಯಿಸುತ್ತಿದ್ದ. ಒಂದು ದಿನ ಲೈಟ್ ಹೋಗಿ ಹಳ್ಳದ ಹತ್ತಿರ ಹೋದೆ. ದೀಪ ಮಿನುಗುತ್ತಿತ್ತು. ಅದರ ಎದುರಿಗೆ ಈ ಮನುಷ್ಯ ತಲೆಯ ಪಟಕ ಸರಿ ಮಾಡಿಕೊಂಡು, ಕಂಬಳಿ ಮಡಚಿ ಹೆಗಲ ಮೇಲೆ ಹಾಕಿಕೊಂಡು, ಸಾಲಿ ಹುಡುಗರು ಫೋಟೋಕ್ಕೆ ನಿಲ್ಲುವ ಹಾಗೆ ನಿಂತಿದ್ದ. ತುಟಿ ಅಲ್ಲಾಡಿಸದೆ ನನ್ನನ್ನು ಕೇಳಿದ, "ವಾಯರಮನ್ನರ, ನಾ ಈಗ ಅಲ್ಲಾಡಿದ್ರ ನಡೀತೈತೇನ್ರಿ?"

"ಯಾಕ, ಏನಾತು?"

"ಹಳ್ಳ ದಾಟೂ ಮುಂದ ಇದು ನನ್ನ ನೋಡಿ ಕಣ್ಣ ಹೊಡೀತು. ಕ್ಯಾಮೆರಾ ಚಾಲೂ ಆಗೈತಿ."

ಅದು ಕ್ಯಾಮೆರಾ ಅಲ್ಲ, ಲೈನ್ ಕೆಟ್ಟದ್ದು ತೋರಿಸುವ ದೀಪ ಅಂತ ಬಗೆಬಗೆಯಾಗಿ ಹೇಳಿದೆ. "ಸರಕಾರದವ್ರು ಹಂಗ ಹೇಳಬೇಕಾಗತೈತಿ ಬಿಡ್ರಿ" ಅಂದ. ನಾನು ಮುಂದೆ ಹೊರಟೆ. ಸ್ವಲ್ಪ ದೂರ ಹೋಗುವಷ್ಟರಲ್ಲಿ ಬೆನ್ನ ಹಿಂದೆ ಓಡಿ ಬಂದ. ಮುಖ ಬಾಡಿತ್ತು. ಆ ಕಡೆ ಈ ಕಡೆ ನೋಡಿ, ಕಂಬಳಿಯನ್ನು ಬಾಯಿಗೆ ಅಡ್ಡ ಹಿಡಿದು ಮೆಲ್ಲಗೆ ಕೇಳಿದ:

"ಇವತ್ತು ಮುಂಜಾನಿ ನಾ ನೀರಿನ ಚರಗಿ ತಗೊಂಡು ಆ ಜಾಲಿ ಕಂಟಿ ಹಿಂದ ಹೋಗಿದ್ದೆ. ಅದೂ ಏನರ ಸಾಂಗ್ಲಿ ಆಫೀಸಿಗೆ ಕಂಡೈತೇನ್ರಿ?"

೫. ಮಜ್ಜಿಗೆ

ಕೆಳಗಿನ ವಸ್ತಿಯ ದೀಪ ಇರುವುದು ಒಬ್ಬ ಮುದುಕಿಯ ಅಂಗಳದ ಎದುರಿಗೆ, ಎಲ್ಲರೂ ಅವಳನ್ನು ಆಯಿ ಅನ್ನುತ್ತಾರೆ. ಆಯಿಗೆ ಎರಡು ಎಮ್ಮೆ, ತುಂಬಿದ ಮನೆ. ಬಿಸಿಲಲ್ಲಿ ಲೈನಿನ ಗುಂಟ ನಡೆಯುವಾಗ ಅವಳ ಮಜ್ಜಿಗೆಯೇ ನನಗೆ ಆಧಾರ. ಅವತ್ತೂ ಮಟಮಟ ಮಧ್ಯಾಹ್ನ ಲೈಟ್ ಹೋಗಿತ್ತು, ದೀಪ ಮಿನುಗುತ್ತಿತ್ತು. ಕಟ್ಟೆಯ ಮೇಲೆ ಕುಂತು, "ಆಯಿ, ಒಂದು ತಂಬಿಗಿ ಮಜ್ಜಿಗಿ ಕೊಡು" ಅಂದೆ.

"ಹೆಂಗ ಕೊಡಲಿ ತಮ್ಮಾ? ದೀಪ ಹತ್ತೈತಲ್ಲ."

ನಮ್ಮ ಕಡೆ ಸಂಜೆ ದೀಪ ಹಚ್ಚಿದ ಮೇಲೆ ಹಾಲು, ಮಜ್ಜಿಗೆ, ಉಪ್ಪನ್ನು ಮನೆಯಿಂದ ಹೊರಗೆ ಕೊಡುವುದಿಲ್ಲ. ಕೊಟ್ಟರೆ ಲಕ್ಷ್ಮಿ ಹೋಗುತ್ತಾಳೆ ಅಂತ. ಅದು ನನಗೂ ಗೊತ್ತು. ಆದರೆ ನೆತ್ತಿಯ ಮೇಲೆ ಸೂರ್ಯ ಇದ್ದ.

"ಆಯಿ, ಇನ್ನೂ ಮಧ್ಯಾಹ್ನ."

"ಮಧ್ಯಾಹ್ನ ದೀಪ ಹಚ್ಚಿದಾಂವ ನೀನು. ನಾನೇನು ಹಚ್ಚೀನಿ?"

"ಅದು ಲೈನ್ ಕೆಟ್ಟಿದ್ದಕ್ಕ ಹತ್ತಿದ್ದು ಆಯಿ, ಅದು ದೇವರ ದೀಪ ಅಲ್ಲ."

"ದೀಪ ಅಂದ್ರ ದೀಪ. ಅದರಾಗ ಅದು ಇದು ಅಂತ ಭೇದ ಮಾಡಬಾರ್ದು. ಆರಿಸು, ಕೊಡ್ತೀನಿ."

ಆ ದೀಪ ಊದಿದರೆ ಆರುವುದಲ್ಲ. ಫಾಲ್ಟ್ ತೆಗೆದು ಲೈನಿಗೆ ಕರೆಂಟ್ ಬಂದರೆ ಮಾತ್ರ ತಾನೇ ಆರುತ್ತದೆ. ಮಜ್ಜಿಗೆಯ ಆಸೆಗೆ ಅವತ್ತು ನಾನು ಮಾಡಿದಷ್ಟು ಬೇಗ ದುರಸ್ತಿ ನಮ್ಮ ಇಲಾಖೆಯಲ್ಲಿ ಯಾರೂ ಮಾಡಿರಲಿಕ್ಕಿಲ್ಲ. ಕಾಗೆ ಗೂಡು ತೆಗೆದು, ಲೈನ್ ಚಾಲೂ ಮಾಡಿಸಿ, ಕುಂಟುತ್ತ ಓಡಿ ಬಂದರೆ ಮಜ್ಜಿಗೆ ಮುಗಿದಿತ್ತು. ದೀಪ ಆರಿದ ಕೂಡಲೇ ಮೊದಲು ಬಂದವನಿಗೆ ಆಯಿ ಕೊಟ್ಟುಬಿಟ್ಟಿದ್ದಳು. ಆ ಕುರಿ ಕಾಯುವವನು ಕಟ್ಟೆಯ ಮೇಲೆ ಕುಂತು, ಕಂಬದ ಕಡೆ ಬೆನ್ನು ಮಾಡಿ, ತಲೆ ಮೇಲೆ ಕಂಬಳಿ ಹೊದ್ದುಕೊಂಡು ಕುಡಿಯುತ್ತಿದ್ದ.

೬. ಸಾಹೇಬರು ಬಂದ ದಿನ

ದೀಪ ಇರಬೇಕೋ ಹೋಗಬೇಕೋ ಅಂತ ನಿರ್ಧಾರ ಮಾಡಲು ಸಾಹೇಬರು ಬಂದರು. ಅವರನ್ನು ಆಯಿಯ ಕಟ್ಟೆಯ ಮೇಲೆ ಕೂರಿಸಿ ದೀಪ ತೋರಿಸಿದೆ. ದೀಪ ಸುಮ್ಮನಿತ್ತು. ದಿನಾ ಏನಾದರೊಂದು ಆಗುವ ಲೈನು ಅವತ್ತು ಮದುಮಗಳ ಹಾಗೆ ತಲೆ ತಗ್ಗಿಸಿ ನಿಂತಿತ್ತು. ಸಾಹೇಬರು ಕಾದರು, ಗಡಿಯಾರ ನೋಡಿದರು, ಮತ್ತೆ ಕಾದರು.

"ಇದು ಕೆಲಸ ಮಾಡಿದ್ದು ನಾನು ನೋಡಲೇ ಇಲ್ಲವಲ್ಲ. ಬಿಚ್ಚಿ ಕಳಿಸೋಣ" ಅಂದರು.

ಗುಡ್ಡದವರೆಗೆ ಸಾಲಾಗಿ ನಿಂತ ಕಂಬಗಳೆಲ್ಲ ನನ್ನನ್ನೇ ಕರೆಯುವಂತೆ ಕಂಡವು. ಇಷ್ಟು ವರ್ಷ ಲೈನ್ ಹೋಗದಿರಲಿ ಅಂತ ಬೇಡಿಕೊಂಡವನು, ಅವತ್ತು ಕಣ್ಣು ಮುಚ್ಚಿ, 'ದೇವರೇ, ಒಂದೇ ಒಂದು ಫಾಲ್ಟ್' ಅಂತ ಬೇಡಿಕೊಂಡೆ. ಮಾಡುತ್ತಿರುವುದು ಸರಿಯೋ ತಪ್ಪೋ ತಿಳಿಯಲಿಲ್ಲ.

ಸಾಹೇಬರಿಗೆ ಬಾಯಾರಿತ್ತು. ಮಜ್ಜಿಗೆ ಕೇಳಿದರು. ಆಯಿ ಒಳಗೆ ಹೋಗಿ, ಕೊತ್ತಂಬರಿ ಹಾಕಿ, ತುಂಬಿದ ತಂಬಿಗೆ ಹಿಡಿದು ಬಾಗಿಲಿಗೆ ಬಂದಳು. ಸಾಹೇಬರು ಕೈ ಚಾಚಿದರು. ಅಷ್ಟರಲ್ಲಿ ಒಂದು ಜೋರು ಗಾಳಿ ಬೀಸಿತು, ಒಳಗಿನ ಫ್ಯಾನ್ ನಿಂತಿತು, ಕಂಬದ ಮೇಲೆ ದೀಪ ಕೆಂಪಗೆ ಮಿನುಗಿತು.

"ಹತ್ತಿತು! ಸಾಹೇಬ್ರ, ಹತ್ತಿತು!" ನಾನು ಮೊಣಕಾಲು ಮರೆತು ಕುಣಿದೆ.

ಆಯಿ ದೀಪ ನೋಡಿದಳು, ಸಾಹೇಬರನ್ನು ನೋಡಿದಳು, ತಂಬಿಗೆ ಸಮೇತ ಹೊರಳಿ ಒಳಗೆ ಹೋದಳು. ಸಾಹೇಬರ ಕೈ ಹಾಗೇ ಚಾಚಿತ್ತು.

"ಏನಾಯಿತು?" ಅಂದರು. ಕಾರಣ ಹೇಳಿದೆ. "ಈ ದೀಪ ಆರುವುದು ಯಾವಾಗ?" ಅಂದರು. ಅದನ್ನೂ ಹೇಳಿದೆ. ಸಾಹೇಬರು ಎದ್ದು ನಿಂತು, "ನಡಿ, ನಾನೂ ಬರುತ್ತೇನೆ" ಅಂದರು.

ಮುಂದಿನ ದಾರಿಯಲ್ಲಿ ಪೈಪಿನ ಸಲುವಾಗಿ ತಗ್ಗು ತೋಡಿದ್ದರು, ಜೀಪು ಹೋಗುತ್ತಿರಲಿಲ್ಲ. ಉರಿಬಿಸಿಲಲ್ಲಿ ಸಾಹೇಬರು ಮುಂದೆ, ನಾನು ಹಿಂದೆ. ಮೇಲಿನ ವಸ್ತಿ ಇನ್ನೇನು ಬಂತು ಅನ್ನುವಾಗ ಫಾಲ್ಟ್ ಕಂಡಿತು. ಸಾಹೇಬರು ಬರುತ್ತಾರೆಂದು ವಸ್ತಿಯವರು ಎರಡು ಬಿದಿರು ನೆಟ್ಟು, ಮಿರಿಮಿರಿ ಮಿಂಚುವ ಜರಿ ಹಾಳೆಯ ಸರ ಕಟ್ಟಿ ಸ್ವಾಗತ ಕಮಾನು ಮಾಡಿದ್ದರು. ಗಾಳಿಗೆ ಸರ ಹಾರಿ ನಮ್ಮ ತಂತಿಗಳಿಗೆ ಸುತ್ತಿಕೊಂಡಿತ್ತು. ಪುಣ್ಯಕ್ಕೆ ಅದರ ಹತ್ತಿರ ಯಾರೂ ಇರಲಿಲ್ಲ. ಸಬ್‌ಸ್ಟೇಶನ್ನಿಗೆ ಫೋನ್ ಮಾಡಿ ಲೈನು ಬಂದ್ ಇಡಿಸಿ, ನಾನು ಅದನ್ನು ಬಿಡಿಸಲು ಹೊರಟೆ. ಅಷ್ಟರಲ್ಲಿ ದಾಳಿಂಬೆ ತೋಟದ ಯಜಮಾನರು ಹಾರ ಹಿಡಿದುಕೊಂಡು ಬಂದು ಸಾಹೇಬರ ಕೊರಳಿಗೆ ಹಾಕಿದರು. ಕಮಾನಿನಿಂದ ಸ್ವಲ್ಪ ಮುಂದಿದ್ದ ತಮ್ಮ ದೀಪದ ಕಡೆ ಕೈ ಮಾಡಿದರು.

"ನೋಡ್ರಿ ಸಾಹೇಬ್ರ, ನೀವ ಕಣ್ಣಾರೆ ನೋಡ್ರಿ. ನೀವು ಬಂದ ದಿನಾನೂ ನಮ್ಮ ದೀಪ ಹತ್ತಲಿಲ್ಲ!"

ಸಾಹೇಬರು ಹಾರ ಹಾಕಿಕೊಂಡೇ ಹಿಂದಕ್ಕೆ ನಡೆದರು. ನಾನು ಸರ ಬಿಡಿಸಿ ಹಿಂದೆಯೇ ಬಂದೆ, ಲೈನ್ ಚಾಲೂ ಆಯಿತು, ದೀಪ ಆರಿತು, ಆಯಿ ತಂಬಿಗೆ ತಂದಳು. ಸಾಹೇಬರು ಒಂದೇ ಗುಟುಕಿಗೆ ಕುಡಿದು, ಇನ್ನೊಂದು ಕುಡಿದು, ಬೂಟು ಬಿಚ್ಚಿ ಕಾಲು ಒತ್ತಿಕೊಂಡರು. "ಇಷ್ಟೇ ದೂರಕ್ಕೆ ನನ್ನ ಮೊಣಕಾಲು ಹಿಡಿಯಿತು. ಈ ದೀಪ ಇಲ್ಲದಿದ್ದರೆ ಗುಡ್ಡದವರೆಗೆ ನಡೆಯಬೇಕಾಗಿತ್ತೇನು?" ಅಂದರು. ಹೌದು ಅಂದೆ. "ಇರಲಿ ಈ ದೀಪ. ಯಾವಾಗಲೂ ಇರಲಿ" ಅಂದರು. ನನ್ನ ಕಣ್ಣಲ್ಲಿ ನೀರು ಬಂತು. ಆಯಿ ಅದು ಸಾಹೇಬರ ಮೇಲಿನ ಭಕ್ತಿ ಅಂದುಕೊಂಡಳು.

ಅದಾದ ಮೇಲೆ ಒಂದು ಸಂಜೆ ಮನೆಯಲ್ಲಿ ಕಾಲು ಚಾಚಿ ಎಣ್ಣೆ ಹಚ್ಚಿಕೊಳ್ಳುತ್ತಿದ್ದೆ. ಲೈಟ್ ಹೋಯಿತು. ಕೂಡಲೇ ಮೇಲಿನ ವಸ್ತಿಯ ಯಜಮಾನರ ಫೋನು. ಹಿಂದೆ ಹಲಗೆ ಬಾರಿಸುವ ಸದ್ದು.

"ವಾಯರಮನ್ನರ, ನಮ್ಮ ದೀಪ ಹತ್ತಿತ್ರಿ! ಟೆಂಗಿನಕಾಯಿ ಒಡದೀವಿ, ಪೇಢೆ ಹಂಚಾಕತ್ತೀವಿ!"

ಅಂದರೆ ಫಾಲ್ಟ್ ಮೇಲಿನ ವಸ್ತಿಯ ಆಚೆ, ಗುಡ್ಡದ ಕಡೆ. ಅಷ್ಟು ತಿಳಿದರೆ ಸಾಕು, ಗಾಡಿ ತೆಗೆದುಕೊಂಡು ನೆಟ್ಟಗೆ ಅಲ್ಲಿಗೇ ಹೋಗಬಹುದು. ಒಂದು ಕಂಬದಷ್ಟು ದೂರವನ್ನೂ ಸುಮ್ಮನೆ ನಡೆಯಬೇಕಾಗಿಲ್ಲ. ನನ್ನ ಮೊಣಕಾಲುಗಳ ಪರವಾಗಿ ನಾನೂ ಅವರಿಗೆ ಶುಭಾಶಯ ಹೇಳಿದೆ.

"ಆದ್ರ ಒಂದು ತಕರಾರ ಐತ್ರಿ" ಅಂದರು ಯಜಮಾನರು. ದನಿ ತಗ್ಗಿಸಿದರು. "ನಮ್ಮ ದೀಪ ಹತ್ತಿದ್ದನ್ನ ನೋಡಿ ಕೆಳಗಿನ ವಸ್ತಿಯವ್ರಿಗೆ ತಡ್ಕೊಳಾಕ ಆಗಿಲ್ಲ. ಅದು ಹತ್ತೂದಕ್ಕೂ, ಅವ್ರು ನಮ್ಮ ಕರೆಂಟ್ ತಗಸೂದಕ್ಕೂ ಸರಿ ಹೋತು ನೋಡ್ರಿ!"