ಹದಿಮೂರು ಜನರ ಆಟ

ಎದುರು ಮನೆಯ ಮುದುಕರು ಶುದ್ಧ ಸುಳ್ಳುಗಾರರು ಎಂದು ಮಲೇಶ್ಯಾದ ಪೆಟಾಲಿಂಗ್ ಜಯಾದಲ್ಲಿರುವ ನಮ್ಮ ಕಟ್ಟಡಕ್ಕೆಲ್ಲ ಸಾಬೀತುಪಡಿಸಿದವನು ನಾನು. ಮೆಡಿಕಲ್ ಕಾಲೇಜಿನಲ್ಲಿ ಅಂಗರಚನೆಯ ಪಾಠ ಮಾಡುವ ಉಡುಪಿಯವನಲ್ಲವೇ, ಸಾಬೀತಿಲ್ಲದೆ ಏನನ್ನೂ ಹೇಳುವವನಲ್ಲ! ಆ ಸಾಬೀತಿನ ಕತೆಯನ್ನು ಏನೊಂದೂ ಬಿಡದೆ ಬರೆಯಬೇಕಾಗಿದೆ.

ಅವರು ಇಂಗ್ಲೆಂಡಿನವರು, ವಯಸ್ಸು ಎಂಬತ್ತೇಳು. ಕ್ಲಾಂಗ್ ಬಂದರಿಗೆ ಕ್ರೇನ್ ರಿಪೇರಿಗೆಂದು ಬಂದು, ಇಲ್ಲಿನ ತಮಿಳು ಹೆಂಗಸನ್ನು ಮದುವೆಯಾಗಿ, ಆಕೆ ತೀರಿಕೊಂಡ ಮೇಲೂ ಇಲ್ಲೇ ಉಳಿದವರು. ಮಾತಿಗೊಂದು ‘ಲಾ’ ಸೇರಿಸುವುದರಲ್ಲಿ ಇಲ್ಲಿಯೇ ಹುಟ್ಟಿದವರನ್ನು ಮೀರಿಸಿದ್ದರು. ಅವರು ಲಿಫ್ಟಿನೊಳಗೆ ನಡೆದು ಹೋದದ್ದನ್ನು ನಾನು ಕಂಡಿಲ್ಲ. ಭುಜ ಮುಂದೆ ಮಾಡಿ ನುಗ್ಗುತ್ತಿದ್ದರು. ಮಾಮಕ್ ಎಂಬ ತಮಿಳು ಮುಸ್ಲಿಮರ ಹೋಟೆಲಿನಿಂದ ಕಟ್ಟಿಸಿ ತಂದ ಊಟದ ಪೊಟ್ಟಣ, ಇಲ್ಲಿಯವರ ಬಾಯಲ್ಲಿ ತಪಾವ್, ಸದಾ ಕಂಕುಳಲ್ಲಿ. ಒಳಗಿನ ಸಾರು ಅಂಗಿಗಿಳಿದರೂ ಬಿಡುವ ಪ್ರಶ್ನೆಯೇ ಇಲ್ಲ!

“ಕೈ ಜಾರಿದರೆ ಜನ ಕೂಗುತ್ತಾರೆ ಲಾ,” ಎನ್ನುತ್ತಿದ್ದರು.

ಯಾವ ಜನ? ಅರುವತ್ತು ವರ್ಷಗಳ ಹಿಂದಿನ ಜನ!

ಅವರು ಹೇಳುತ್ತಿದ್ದ ಪ್ರಕಾರ ಅವರು ರಗ್ಬಿ ಆಟಗಾರರು. ಮೊಟ್ಟೆಯಾಕಾರದ ಚೆಂಡನ್ನು ಕಂಕುಳಲ್ಲಿ ಅವುಚಿಕೊಂಡು ಎದುರಾಳಿಗಳ ನಡುವೆ ನುಗ್ಗುವ ಆಟ. ಶನಿವಾರ ಬೆಳಗ್ಗೆ ಕಲ್ಲಿದ್ದಲು ಗಣಿ, ಮಧ್ಯಾಹ್ನ ಅರ್ಧ ತೊಳೆದ ಮುಖದಲ್ಲಿ ಮೈದಾನ. ಹೀಗೆ ಹತ್ತು ವರ್ಷ. ಊರುಗಳನ್ನು ಅವರು ನೆನಪಿಟ್ಟಿದ್ದುದು ಅಲ್ಲಲ್ಲಿ ಬಿಟ್ಟುಬಂದ ಸಾಮಾನುಗಳಿಂದ: ಒಂದೂರಿನಲ್ಲಿ ಎರಡು ಹಲ್ಲು, ಇನ್ನೊಂದರಲ್ಲಿ ಅರ್ಧ ಕಿವಿ. ಕೊನೆಗೆ ಎಡಭುಜ. ಆಟ ಅಲ್ಲಿಗೆ ಮುಗಿಯಿತು.

“ಮುರಿದ ಮೇಲೂ ಅರ್ಧ ಗಂಟೆ ಆಡಿದೆ, ಡಾಕ್ಟರ್.”

ನಾನು ಮನೆಯೊಳಗೆ ಬಂದು ನಕ್ಕೆ. “ಪಾಪ, ಹೇಳ್ಲಿ ಬಿಡಿ ಮಾರಾಯ್ರೆ. ನಿಮಗೆಂತ ನಷ್ಟ?” ಎಂದಳು ಹೆಂಡತಿ.

ಅಷ್ಟರಲ್ಲಿ ಕೊರೋನಾ ಬಂತು. ಪಾಠವೆಲ್ಲ ಕಂಪ್ಯೂಟರಿನಲ್ಲಿ, ಹರಟೆಯೆಲ್ಲ ಮಾಸ್ಕ್ ಹಾಕಿಕೊಂಡು ಕಾರಿಡಾರಿನಲ್ಲಿ. ಒಂದು ಮಧ್ಯಾಹ್ನ ಅಲ್ಲಿನ ಒದ್ದೆ ನೆಲದ ಮೇಲೆ ಅವರು ಪೊಟ್ಟಣದ ಸಮೇತ ಬಿದ್ದರು. ನಾನು ಓಡುವಷ್ಟರಲ್ಲಿ ತಾವೇ ಎದ್ದು, ಪೊಟ್ಟಣವನ್ನು ನೆಲದ ಮೇಲಿಟ್ಟು, ಹಿಮ್ಮಡಿಯಿಂದ ಅದನ್ನು ಹಿಂದಕ್ಕೆ ಉರುಳಿಸಿದರು. ತಿರುಗಿ ನೋಡಿದರು. ಹಿಂದೆ ಯಾರೂ ಇರಲಿಲ್ಲ. ಆಮೇಲಷ್ಟೇ “ಅಯ್ಯೋ!” ಎಂದರು. ಅನ್ನ ಚೆಲ್ಲಾಪಿಲ್ಲಿ. ನನಗೆ ನಗು ತಡೆಯಲಾಗಲಿಲ್ಲ.

ಆ ವಾರವೇ ಒಂದು ಸಹಾಯ ಕೇಳಿದರು. ಅವರ ಊರಿನ ಕ್ಲಬ್ಬಿನವರು ಹಳೆಯ ಆಟಗಾರರ ಹೆಸರುಗಳನ್ನೆಲ್ಲ ಸೇರಿಸಿ ಒಂದು ಪುಸ್ತಕ ಅಚ್ಚು ಹಾಕಿಸುತ್ತಿದ್ದರು. ಇವರ ಕಾಲದ ದಾಖಲೆ ಹಾಳಾಗಿತ್ತು. ಇವರನ್ನು ಬಲ್ಲವರೊಬ್ಬರು ಪತ್ರ ಬರೆದರೆ ಸಾಕಂತೆ.

“ನನ್ನ ಹೆಸರು ಅದರಲ್ಲಿರಬೇಕು. ಅಷ್ಟೇ ಲಾ. ಹೆಂಡತಿ ನಂಬಿದ್ದಳು. ಈಗ ನಂಬುವವರು ಯಾರಿದ್ದಾರೆ?”

“ನಿಮ್ಮ ಆಟದಲ್ಲಿ ಒಂದು ಕಡೆಗೆ ಎಷ್ಟು ಜನ?” ಮೌಖಿಕ ಪರೀಕ್ಷೆಯ ಧಾಟಿಯಲ್ಲಿ ಕೇಳಿದೆ.

“ಹದಿಮೂರು.”

ಇಂಟರ್ನೆಟ್ಟಿನಲ್ಲಿ ನೋಡಿದೆ. ರಗ್ಬಿಗೆ ಹದಿನೈದು! ಅಂದು ಪೊಟ್ಟಣಕ್ಕೆ ಮಾಡಿದಂತೆ ಚೆಂಡನ್ನು ಹಿಮ್ಮಡಿಯಿಂದ ಉರುಳಿಸುವ ನಿಯಮವೂ ಇಲ್ಲ! ಸಿಕ್ಕಿಬಿದ್ದರಲ್ಲ! ಕಟ್ಟಡದ ವಾಟ್ಸ್ಯಾಪ್ ಗುಂಪಿಗೆ ಅಂದೇ ಹಾಕಿದೆ. ಮರುದಿನ ಮೇಲಿನ ಬಾಲ್ಕನಿಯಿಂದ ಯಾರೋ “ಥರ್ಟೀನ್!” ಎಂದು ಕೂಗಿದರು. ಮುದುಕರು ಖುಷಿಯಿಂದ ಕೈಯೆತ್ತಿ ಬೀಸಿದರು.

ಕ್ಲಬ್ಬಿಗೆ ನಾನು ಬರೆದದ್ದು ಇಷ್ಟು: ‘ಇವರಿಗೆ ವಯಸ್ಸಾಗಿದೆ. ಆಟದಲ್ಲಿ ಎಷ್ಟು ಜನರೆಂಬುದೂ ತಿಳಿಯದು. ಬಿದ್ದರೆ ಎದ್ದು ಊಟದ ಪೊಟ್ಟಣವನ್ನು ಹಿಮ್ಮಡಿಯಿಂದ ಹಿಂದಕ್ಕೆ ತಳ್ಳುತ್ತಾರೆ. ವೈದ್ಯನಾಗಿ ಹೇಳುತ್ತೇನೆ, ಇವರ ಮಾತನ್ನು ನಂಬಬೇಡಿ.’

‘ವಂದನೆಗಳು, ಹೆಸರು ಬಿಟ್ಟಿದ್ದೇವೆ’ ಎಂದು ಉತ್ತರ ಬಂತು. ಮುದುಕರು ದಿನವೂ “ಉತ್ತರ ಬಂತಾ?” ಎಂದು ಕೇಳುತ್ತಿದ್ದರು. ನಾನು ದಿನವೂ “ಇಲ್ಲ” ಎನ್ನುತ್ತಿದ್ದೆ. ಈಗ ಹೇಳಿ, ಸುಳ್ಳುಗಾರ ಯಾರು?

ತಿಂಗಳ ಮೇಲೆ ಇನ್ನೊಂದು ಪತ್ರ ಬಂತು. ಪುಸ್ತಕ ಅಚ್ಚಾದ ಮೇಲೆ ನನ್ನ ಪತ್ರವನ್ನು ಅಲ್ಲಿಯ ಒಬ್ಬ ಹಳೆಯ ಆಟಗಾರನಿಗೆ ಓದಿ ಹೇಳಿದ್ದರಂತೆ. ಹದಿನೈದು ಜನರದು ಬೇರೆ ರಗ್ಬಿ, ಅವರದು ಹದಿಮೂರೇ. ಅವರ ಆಟದಲ್ಲಿ ಚೆಂಡು ಹಿಡಿದವನನ್ನು ಕೆಡವಿದರೆ, ಅವನು ಎದ್ದು ಚೆಂಡನ್ನು ನೆಲಕ್ಕಿಟ್ಟು ಕಾಲಿನಿಂದ ಹಿಂದಕ್ಕೆ ಉರುಳಿಸಬೇಕು. ಎತ್ತಿಕೊಳ್ಳಲು ಅವನ ಕಡೆಯವನೊಬ್ಬ ಹಿಂದೆ ನಿಂತಿರುತ್ತಾನೆ. ಕೊನೆಯ ಸಾಲು ಆ ಹಳೆಯ ಆಟಗಾರನ ಪ್ರಶ್ನೆ: ‘ಆತ ಈಗಲೂ ಹಾಗೆ ಮಾಡುತ್ತಾನೆಯೇ?’

ಅಂದು ಮೊದಲ ಬಾರಿಗೆ ಅವರ ಎಡಭುಜವನ್ನು ನೆನಪಿಗೆ ತಂದುಕೊಂಡೆ. ಬಲಭುಜಕ್ಕಿಂತ ಎರಡು ಬೆರಳು ಕೆಳಗಿತ್ತು. ಮೂಳೆ ತೋರಿಸಿ ವಿದ್ಯಾರ್ಥಿಗಳಿಂದ ಆ ಮೂಳೆಯ ಕತೆ ಹೇಳಿಸುವವನು ನಾನು!

ಅಷ್ಟರಲ್ಲಿ ಅವರಿಗೆ ಕೊರೋನಾ ತಗಲಿ ಮನೆಯೊಳಗೇ ದಿಗ್ಬಂಧನವಾಗಿತ್ತು. ಹೆಂಡತಿ ಸ್ಟೀಲ್ ಡಬ್ಬಿಯಲ್ಲಿ ಗಂಜಿ ಇಟ್ಟು ಬರುತ್ತಿದ್ದಳು. ಆ ದಿನ ನಾನು ಹೋದೆ. ಕಬ್ಬಿಣದ ಗ್ರಿಲ್ಲಿನ ಈಚೆ ನಿಂತು ಮೂರೂ ಪತ್ರಗಳನ್ನು ಓದಿದೆ. ನನ್ನದನ್ನೂ ಒಂದು ಪದ ಬಿಡದೆ ಓದಿದೆ. ಮುಂದಿನ ಮುದ್ರಣಕ್ಕೆ ಹೆಸರು ಸೇರಿಸಲು ಅಂದು ಬೆಳಗ್ಗೆಯೇ ಬರೆದಿದ್ದೇನೆ, ಕಟ್ಟಡದ ಗುಂಪಿನಲ್ಲೂ ತಪ್ಪೊಪ್ಪಿಕೊಂಡಿದ್ದೇನೆ ಎಂದೆ.

“ಓದಿ ಹೇಳಿದ್ದು ಯಾರಿಗಂತೆ? ಇನ್ನೂ ಇದ್ದಾನಾ ಅವನು?” ಎಂದಷ್ಟೇ ಕೇಳಿದರು. ಹೆಸರು ಹೇಳಿದೆ. ಮುಖ ಒರೆಸಿಕೊಂಡರು.

ಆಮೇಲೆ ನನಗೆ ಬೆನ್ನು ಮಾಡಿ, ಖಾಲಿ ಡಬ್ಬಿಯನ್ನು ನೆಲದ ಮೇಲೆ ಅಡ್ಡ ಮಲಗಿಸಿ, ಹಿಮ್ಮಡಿಯಿಂದ ಮೆಲ್ಲಗೆ ತಳ್ಳಿದರು. ಅದು ಗ್ರಿಲ್ಲಿನ ಕೆಳಗಿನ ಸಂದಿನಿಂದ ಉರುಳಿ ನನ್ನ ಪಾದಕ್ಕೆ ಬಂದು ತಾಗಿತು. ಅವರು ತಿರುಗಿ ನೋಡಿದರು.

ನಾನು ಬಗ್ಗಿ ಅದನ್ನು ಎತ್ತಿಕೊಂಡೆ, ಕಂಕುಳಲ್ಲಿ ಇಟ್ಟುಕೊಂಡೆ.