ತಂಬಾಕು ಮೊದಲೋ, ರೊಕ್ಕ ಮೊದಲೋ

ಲಂಚದ ಕೇಸಿಗೆ ಒಮ್ಮೆ ಸಾಕ್ಷಿಯಾದರೆ ನಗುವ ಪ್ರಸಂಗಗಳು ಕೋರ್ಟಿನ ತಾರೀಖಿನಂತೆ ಬರುತ್ತಲೇ ಇರುತ್ತವೆ. ಮುದ್ದೇಬಿಹಾಳದಲ್ಲಿ ನೌಕರಿಗಿದ್ದ ನಾನು ಬಿ.ಎಸ್ಸಿ. ಓದಿದವನಿಗೆ ಪುಡಿಯ ಸಂಗತಿ ತಿಳಿಯುತ್ತದೆ ಎಂಬ ಕಾರಣಕ್ಕೇ ಸಾಕ್ಷಿಯಾಗಿ ಸಿಕ್ಕಿಬಿದ್ದೆ. ಇನ್ನೊಬ್ಬ ಸಾಕ್ಷಿ ಇಂಡಿ ಕಡೆಯ ಮಾಸ್ತರು.

೧

ಗೊಳಸಂಗಿಯ ರೈತರೊಬ್ಬರ ತಂದೆ ತೀರಿಕೊಂಡಿದ್ದರು. ಹೊಲ ಮಗನ ಹೆಸರಿಗೆ ಮಾಡಲು ಬಾಗೇವಾಡಿಯ ತಾಲೂಕು ಕಚೇರಿಯ ಕ್ಲಾರ್ಕ್ ಲಂಚ ಕೇಳಿದ್ದ. ಪೊಲೀಸರು ನೋಟಿಗೆ ಫಿನಾಲ್ಫ್ಥಲೀನ್ ಪುಡಿ ಹಚ್ಚಿ ಕಳಿಸಿದರು. ಮುಟ್ಟಿದ ಬೆರಳನ್ನು ವಾಷಿಂಗ್ ಸೋಡಾ ನೀರಿನಲ್ಲಿ ಅದ್ದಿದರೆ ಗುಲಾಬಿಯಾಗುತ್ತದೆ.

ರೈತರು ರೊಕ್ಕ ಕೊಟ್ಟರು; ಕ್ಲಾರ್ಕ್ ಅದನ್ನು ಫೈಲಿನಡಿ ತುರುಕಿದ. ಕೊಟ್ಟವರು ಸುಮ್ಮನಿರದೆ ಅದೇ ಕೈಯಲ್ಲಿ ಸುಣ್ಣ ಹಾಕಿ ತಂಬಾಕು ತಿಕ್ಕಿ, ಎಲ್ಲರಿಗೂ ಅಂಗೈ ಚಾಚಿದರು. ಬೇಡವೆಂದರೆ ಕ್ಲಾರ್ಕಿಗೆ ಅನುಮಾನ ಬಂದೀತೆಂದು, ರೈತರ ಕಡೆಯವರಂತೆ ನಿಂತಿದ್ದ ಸಾಕ್ಷಿಗಳಾದ ನಾವೂ ಚಿಟಿಕೆ ತೆಗೆದುಕೊಂಡೆವು.

ಕ್ಲಾರ್ಕ್‌ನ ಬೆರಳು ಪೊಲೀಸರು ಬಂದು ಅದ್ದಿಸಿದಾಗ ಗುಲಾಬಿಯಾಯಿತು. "ತಂಬಾಕ ಅಷ್ಟ ತಗೊಂಡೇನ್ರಿ, ರೊಕ್ಕ ಮುಟ್ಟಿಲ್ರಿ" ಅಂದ. ಸುಳ್ಳೆಂದು ತೋರಿಸಲು ಇನ್‌ಸ್ಪೆಕ್ಟರ್ ನಮ್ಮ ಬೆರಳನ್ನೂ ಅದ್ದಿಸಿದರು. ಗುಲಾಬಿ! ಸಾಹೇಬರು ತಮ್ಮ ಕೈ ಮಾತ್ರ ಕಿಸೆಯಲ್ಲಿಟ್ಟುಕೊಂಡರು. ನೀರು ಬರುವತನಕ ಅವರೂ ಒಂದು ಚಿಟಿಕೆ ಹಾಕಿದ್ದರು.

೨

ಕೋರ್ಟಿನಲ್ಲಿ ನಾನು "ರೊಕ್ಕ ಮೊದಲು, ಆಮೇಲೆ ತಂಬಾಕು" ಎಂದೆ. ಮಾಸ್ತರು ತಂಬಾಕೇ ಮೊದಲೆಂದರು. ಸಾಕ್ಷಿಗಳ ಮಾತು ಒಂದಕ್ಕೊಂದು ಕೂಡಲಿಲ್ಲವೆಂದು ಕ್ಲಾರ್ಕ್ ಖುಲಾಸೆಯಾದ.

ಹೊರಗೆ ಬಂದು ಕೇಳಿದೆ: "ಮಾಸ್ತರ, ಖರೇ ಹೇಳ್ರಿ, ರೊಕ್ಕ ಕೊಟ್ಟಿದ್ದು ನೋಡಿದ್ರಿಲ್ಲೋ?"

"ಎಲ್ಲಿ ನೋಡ್ಲೋ ತಮ್ಮಾ? ಆ ರೈತ ತಂಬಾಕದ ಚಂಚಿ ಯಾವಾಗ ಬಿಚ್ಚತಾನಂತ ಅದನ್ನ ನೋಡಾಕತ್ತಿದ್ದೆ."

೩

ಸರ್ಕಾರ ಅಪೀಲು ಹಾಕುವುದೆಂದಾಯಿತು. ವಿಷಯ ತಿಳಿಸಲು ಸರ್ಕಾರಿ ವಕೀಲರು ನಮ್ಮನ್ನು ಕರೆಸಿದರು. ರೈತರ ಮುಖ ಬಾಡಿತ್ತು.

"ಅವ ಮತ್ತ ಅದ ಖುರ್ಚಿಗಿ ಬಂದು ಕುಂತಾನ್ರಿ. ಇನ್ನ ನನ್ನ ಹೊಲ ನನ್ನ ಹೆಸರಿಗಿ ಆದಂಗ!"

ಮಾಸ್ತರಿಗೆ ಕನಿಕರ ಬಂತು. "ವಕೀಲ್ರ, ಹಂಗಾದ್ರ ರೊಕ್ಕನ ಮೊದಲ ಅಂತ ಹೇಳತೇನ್ರಿ."

ವಕೀಲರು ಕೈ ಮುಗಿದರು. "ಅಪೀಲಿನ್ಯಾಗ ನಿಮ್ಮನ್ನ ಕರಿಯೂದಿಲ್ರಿ ಮಾಸ್ತರ. ಅದೊಂದ ನಮ್ಮ ಪುಣ್ಯಾ."

೪

ಅಪೀಲು ದಾಖಲಾಯಿತು. ಸ್ವಲ್ಪ ದಿನಕ್ಕೆ ತಾಳಿಕೋಟೆ ಬಸ್‌ಸ್ಟ್ಯಾಂಡಿನಲ್ಲಿ ರೈತರು ಸಿಕ್ಕರು. ಮುಖ ಅರಳಿತ್ತು.

"ಹೊಲ ಹೆಸರಿಗಾತ್ರಿ ಸಾಹೇಬ್ರ! ಅಪೀಲಿನ ನೋಟಿಸ್ ಮುಟ್ಟಿದ ಮರುದಿನಾನ ಆ ಕ್ಲಾರ್ಕ ತಾನ ಹೇಳಿ ಕಳಿಸಿ ಮಾಡಿಕೊಟ್ಟ. ಪುಕ್ಕಟ!"

"ಚಲೋ ಆತಲ್ಲ."

"ಚಲೋನ ಆತ್ರಿ. ಆದ್ರ ಮನಿಷಾ ಭಾಳ ಕೆಟ್ಟಾನ್ರಿ. ಖುಷಿಲೆ ಒಂದ ಚಿಟಿಕಿ ತಂಬಾಕ ಕೊಡಾಕ ಹೋದ್ರ ಎರಡೂ ಕೈ ಬೆನ್ನ ಹಿಂದ ಕಟ್ಟಿ ನಿಂತ!"

ನಗುತ್ತ ಚಂಚಿ ಬಿಚ್ಚಿ, ತಿಕ್ಕಿ, ನನ್ನ ಮುಂದೆ ಅಂಗೈ ಚಾಚಿದರು.

ನನ್ನ ಎರಡೂ ಕೈ ಆಗಲೇ ಬೆನ್ನ ಹಿಂದಿದ್ದವು.